ಉಳಿದ ಕಾಲುಪಾಲು ಯಾರದು

ಚಿಕ್ಕೋಡಿ ನಿಲ್ದಾಣದಿಂದ ನಿಪ್ಪಾಣಿ ಗಾಡಿ ಹೊರಡುವ ಹೊತ್ತು. ನಾನು ಆ ಗಾಡಿಯ ಕಂಡಕ್ಟರ್. ಕೊನೆಗೆ ಹತ್ತಿದ ಹೆಂಗಸೊಬ್ಬಳು, ನನ್ನ ಜೊತೆ ಐದನೇ ವರ್ಗ ಕಲಿತವಳು, ಟಿಕೆಟಿಗೆ ಕೈ ಚಾಚುತ್ತ, "ನಮ್ಮ ಗಣಿತದ ಅಕ್ಕೋರು ಹ್ವಾದ್ರಂತಲ್ಲ, ನಿನ್ನೆ ಎಲ್ಲಾ ಮುಗೀತಂತ" ಎಂದಳು. ನಾನು "ಹೌದಾ" ಎಂದೆ. ಟಿಕೆಟ್ ಕೊಟ್ಟೆ, ಸೀಟಿ ಊದಿದೆ, ಗಾಡಿ ಹೊರಟಿತು. ನಿಪ್ಪಾಣಿ ಮುಟ್ಟುವುದರೊಳಗೆ ಮೂವರಿಗೆ ಬೇರೆ ಊರಿನ ಟಿಕೆಟ್ ಕೊಟ್ಟಿದ್ದೆ. ಹನ್ನೊಂದು ವರ್ಷದ ನೌಕರಿಯಲ್ಲಿ ನನ್ನಿಂದ ಹೀಗಾದದ್ದಿಲ್ಲ. ಒಬ್ಬ ಮುದುಕ "ಏನವಾ, ಲಕ್ಷ್ಯ ಎಲ್ಲೈತಿ ನಿಂದು?" ಎಂದು ಬೈದ. ಬೈಸಿಕೊಂಡೆ.

ಅವರ ಹೆಸರು ಬರೆಯುವುದಿಲ್ಲ. ಬರೆದರೆ ಅವರ ಕಡೆಯವರಿಗೆ ಗುರುತು ಸಿಗುತ್ತದೆ. ಇದರಲ್ಲಿ ಅವರ ಹೊಗಳಿಕೆಗಿಂತ ನನ್ನ ಹೇಡಿತನದ ಸುದ್ದಿಯೇ ಹೆಚ್ಚು, ಅದಕ್ಕೆ ಅವರ ಹೆಸರು ಯಾಕೆ ಬೇಕು. ನಮ್ಮ ಕಡೆ ಶಾಲೆ ಕಲಿಸುವ ಹೆಂಗಸರಿಗೆಲ್ಲ ಅಕ್ಕೋರು ಎನ್ನುತ್ತಾರೆ. ನಾವೂ ಹಾಗೇ ಕರೆದೆವು.

ನಿಪ್ಪಾಣಿಯಲ್ಲಿ ಓಣಿಗೊಂದು ಮರಾಠಿ ಮಾತು. ಅದರ ನಡುವೆ ನಮ್ಮದು ಸಣ್ಣ ಕನ್ನಡ ಶಾಲೆ. ಐದನೇ ವರ್ಗದಲ್ಲಿ ಹತ್ತೊಂಬತ್ತು ಮಂದಿ ಇದ್ದೆವು, ಅದರಲ್ಲಿ ಹದಿನಾಲ್ಕು ಮಂದಿ ಬೀಡಿ ಸುತ್ತುವ ಮನೆಯವರು. ಅಕ್ಕೋರು ಗಿಡ್ಡ ಆಳು, ಕಡ್ಡಿಯಂಥ ಮೈ, ಮೂಗಿನ ಮೇಲೆ ಸದಾ ಸಿಟ್ಟು. ಲೆಕ್ಕ ತಪ್ಪಿದರೆ ಕಿವಿ ಹಿಂಡುತ್ತಿದ್ದರು, ಲೆಕ್ಕ ಬರೆಯದಿದ್ದರೆ ಎರಡೂ ಕಿವಿ. ಅವರ ಬೆರಳುಗಳು ಸುಮ್ಮನಿರುತ್ತಿರಲಿಲ್ಲ. ನಾವು ಮಗ್ಗಿ ಒಪ್ಪಿಸುವಾಗ ಹಳೇ ಕಾಗದದ ಚೂರು ತೆಗೆದುಕೊಂಡು, ನಮ್ಮ ಮುಖವನ್ನೇ ನೋಡುತ್ತ, ಬೆರಳ ತುದಿಯಲ್ಲಿ ಸುತ್ತುತ್ತಿದ್ದರು. ಸಂಜೆ ಮೇಜಿನ ಮೇಲೆ ಹತ್ತು ಹನ್ನೆರಡು ಕಾಗದದ ಬೀಡಿ ಬಿದ್ದಿರುತ್ತಿದ್ದವು. ಎಲ್ಲವೂ ಒಂದೇ ಅಳತೆ, ಎಲ್ಲದರ ಬಾಯಿಯೂ ಚೊಕ್ಕ ಮಡಚಿದ್ದು.

ನಾವು ನಗುತ್ತಿದ್ದೆವು. ಅವರು ಮುಚ್ಚಿಡುತ್ತಿರಲಿಲ್ಲ. "ನಾ ಬೀಡಿ ಸುತಗೋಂತ ಕಲತಾಕಿ. ನಮ್ಮವ್ವನೂ ಸುತ್ತತಿದ್ಲು, ನಮ್ಮಾಯಿನೂ ಸುತ್ತತಿದ್ಲು. ನಗ್ರಿ, ನಕ್ಕ ಮ್ಯಾಲ ಮಗ್ಗಿ ಹೇಳ್ರಿ" ಎನ್ನುತ್ತಿದ್ದರು. ಹಾಗೆನ್ನುವಾಗ ಕೆಮ್ಮು ಬರುತ್ತಿತ್ತು. ಊರ ತುಂಬ ತಂಬಾಕು ಕೂಡಿಡುವ ವಖಾರಗಳು. ಮಾಲು ಬರುವ ದಿನಗಳಲ್ಲಿ ಗಾಳಿಯೇ ಖಾರವಾಗಿರುತ್ತಿತ್ತು. ಆಗ ಅವರು ಕಿಟಕಿ ಮುಚ್ಚಿಸಿ, ಮೂಗಿಗೆ ಸೆರಗು ಹಿಡಿದು ಪಾಠ ಮಾಡುತ್ತಿದ್ದರು. ನಮಗೆ ಆ ವಾಸನೆ ಗೊತ್ತಾಗುತ್ತಲೇ ಇರಲಿಲ್ಲ, ನಮ್ಮ ಕೂದಲಲ್ಲೂ ಅದೇ ಇತ್ತು.

ಭಿನ್ನರಾಶಿ ಕೂಡಿಸುವುದನ್ನು ಅವರಂತೆ ಕಲಿಸಿದವರನ್ನು ನಾನು ಮತ್ತೆ ನೋಡಿಲ್ಲ. ಹಲಗೆಯ ಮೇಲೆ ಮೂರನೇ ಒಂದು, ನಾಲ್ಕನೇ ಒಂದು ಬರೆದು ತಿರುಗಿ ನಿಲ್ಲುತ್ತಿದ್ದರು. "ಮೂರರ ಮನಿಯವ್ರು ಒಂದ ಚಾಪಿ ಮ್ಯಾಲ ಕುಂತಾರ, ನಾಕರ ಮನಿಯವ್ರು ಇನ್ನೊಂದರ ಮ್ಯಾಲ. ಹಂಗ ಕುಂತ್ರ ಊಟಕ್ಕ ಬಡಸಾಕ ಬರಂಗಿಲ್ಲ. ಇಬ್ಬರಿಗೂ ಸರಿಹೋಗೂ ಚಾಪಿ ಹಾಸ್ರಿ. ಎಷ್ಟರದು?" ನಾವು ಹತ್ತೊಂಬತ್ತು ಮಂದಿ ಒಟ್ಟಿಗೆ "ಹನ್ನೆರಡರದ್ರೀ" ಎನ್ನಬೇಕು. ಮೂರರವರಿಗೆ ಆ ಚಾಪೆಯ ಮೇಲೆ ನಾಲ್ಕು ಜಾಗ, ನಾಲ್ಕರವರಿಗೆ ಮೂರು. ಒಟ್ಟು ಏಳು. ಹನ್ನೆರಡರಲ್ಲಿ ಏಳು. ಇವತ್ತಿಗೂ ಭಿನ್ನರಾಶಿ ಕಂಡರೆ ನನ್ನ ಕಣ್ಣಿಗೆ ಚಾಪೆಯೇ ಕಾಣುತ್ತದೆ.

ಮೇಲಿನದನ್ನು ಮೇಲಕ್ಕೆ, ಕೆಳಗಿನದನ್ನು ಕೆಳಕ್ಕೆ ಕೂಡಿಸಿ 'ಏಳರಲ್ಲಿ ಎರಡು' ಎಂದು ಬರೆದ ಜಾಣೆಯೂ ನಾನೇ. ಅಕ್ಕೋರು ಕಿವಿ ಹಿಂಡಲಿಲ್ಲ. ತಮ್ಮ ಬುತ್ತಿ ಬಿಚ್ಚಿ ರೊಟ್ಟಿ ತೆಗೆದು, ಮೂರನೇ ಒಂದು ಪಾಲು ಮುರಿದು ನನ್ನ ಕೈಯಲ್ಲಿಟ್ಟರು. ಇನ್ನೊಂದು ರೊಟ್ಟಿಯ ಕಾಲುಪಾಲು ಮುರಿದು ಅದರ ಮೇಲಿಟ್ಟರು. "ಮದಲ ನಿನ್ನ ಕೈಯಾಗ ಮೂರನೇ ಪಾಲು ಇತ್ತು. ಮ್ಯಾಲ ನಾ ಇನ್ನಷ್ಟು ಕೊಟ್ಟೆ. ನಿನ್ನ ಲೆಕ್ಕದ ಪ್ರಕಾರ ಅದು ಮದಲಿಗಿಂತ ಕಡಿಮಿ ಆಗೈತಿ. ಕೊಟ್ರ ಕಡಿಮಿ ಆಗೂ ಮನಿ ಯಾವುದಬೇ ನಿಂದು?" ವರ್ಗವೆಲ್ಲ ನಕ್ಕಿತು. ಉಳಿದ ರೊಟ್ಟಿಯನ್ನೂ ನನಗೇ ಕೊಟ್ಟರು. ಆ ಮಧ್ಯಾಹ್ನ ಅವರು ಏನು ಉಂಡರೋ ಗೊತ್ತಿಲ್ಲ.

ಅವರ ಇನ್ನೊಂದು ಪ್ರಶ್ನೆ, "ಯಾತರಾಗಿಂದು?" ಯಾರಾದರೂ ಅರ್ಧ ಎಂದರೆ ಸಾಕು, "ಯಾತರಾಗಿನ ಅರ್ಧ? ಗುಬ್ಬಿ ರೊಟ್ಟ್ಯಾಗಿನ ಅರ್ಧಾನೋ ಆನಿ ರೊಟ್ಟ್ಯಾಗಿನ ಅರ್ಧಾನೋ?" ಎನ್ನುತ್ತಿದ್ದರು. ಪಾಲು ಒಂದೇ ಇದ್ದರೂ ಇಡಿಯದು ದೊಡ್ಡದಾದರೆ ಪಾಲೂ ದೊಡ್ಡದಾಗುತ್ತದೆ ಎಂಬುದನ್ನು ನಮ್ಮ ತಲೆಗೆ ಹತ್ತಿಸಲು ಅವರು ಪಟ್ಟ ಪಾಡು ಅಷ್ಟಿಷ್ಟಲ್ಲ.

ಪುಸ್ತಕದ ಲೆಕ್ಕಗಳೆಂದರೆ ಅವರಿಗೆ ಆಗುತ್ತಿರಲಿಲ್ಲ. ಒಂದು ದಿನ 'ಒಬ್ಬ ರೈತನು ತನ್ನ ಹೊಲದ ಮೂರನೇ ಒಂದು ಭಾಗದಲ್ಲಿ' ಎಂದು ಓದುತ್ತ ನಿಲ್ಲಿಸಿ, "ನಿಮ್ಮಾಗ ಯಾರಿಗಿ ಹೊಲ ಐತಿ, ಕೈ ಎತ್ತರಿ" ಎಂದರು. ಎರಡು ಕೈ ಎದ್ದವು. "ಉಳದವ್ರು ಮಂದಿ ಹೊಲದ ಲೆಕ್ಕ ಎಷ್ಟ ದಿನಾ ಮಾಡ್ತೀರಿ? ನಾಳೆ ನಿಮ್ಮ ಮನಿದು ಒಂದೊಂದು ಲೆಕ್ಕ ಬರಕೊಂಡ ಬರ್ರಿ. ಆದ್ರ ಖರೇ ಇರಬೇಕು. ಸುಳ್ಳ ಲೆಕ್ಕ ತಂದ್ರ ನಾ ನೋಡಂಗಿಲ್ಲ."

ನಮ್ಮ ಮನೆಯ ವಿಷಯ ಹೇಳಬೇಕು. ಅಪ್ಪ ನಾನು ಕೂಸಿದ್ದಾಗಲೇ ತೀರಿಕೊಂಡಿದ್ದ. ಅವ್ವ ಹಗಲು ತಂಬಾಕಿನ ವಖಾರದಲ್ಲಿ ಕೆಲಸ ಮಾಡಿ, ಬೆಳಿಗ್ಗೆ ಸಂಜೆ ಬೀಡಿ ಸುತ್ತುತ್ತಿದ್ದಳು. ಅವ್ವನ ತಾಯಿ ನಮ್ಮ ಜೊತೆಗೇ ಇದ್ದಳು, ಆಕೆಗೆ ಆಯಿ ಎನ್ನುತ್ತಿದ್ದೆವು. ನನಗಿಂತ ಎರಡು ವರ್ಷಕ್ಕೆ ದೊಡ್ಡವಳು ಅಕ್ಕ ಸುರೇಖಾ. ಗುತ್ತಿಗೆದಾರನ ಕಡೆಯಿಂದ ದಿನಕ್ಕೆ ಸಾವಿರದ ಇನ್ನೂರು ಬೀಡಿಗೆ ಬೇಕಾಗುವ ಎಲೆ, ತಂಬಾಕು ಬರುತ್ತಿತ್ತು. ಅವ್ವನದು ನಾಲ್ಕು ನೂರು. ಆಯಿಯದು ಮುನ್ನೂರು. ಶಾಲೆ ಬಿಟ್ಟ ಮೇಲೆ ನಾನು ಇನ್ನೂರು. ಸುರೇಖಾ ಮುನ್ನೂರು. ಆಕೆ ನಾಲ್ಕನೇ ವರ್ಗ ಮುಗಿಸಿದ ಬೇಸಿಗೆಯಲ್ಲಿ ಅವ್ವ ಶಾಲೆಗೆ ಹೋಗಿ, "ದೊಡ್ಡಾಕೀನ ರಾಯಬಾಗಕ್ಕ ನಮ್ಮ ತಂಗಿ ಮನಿಗಿ ಕಳಿಸೀನ್ರಿ, ಅಲ್ಲೇ ಕಲೀತಾಳ" ಎಂದು ಹೇಳಿ ಆಕೆಯ ಹೆಸರು ತೆಗೆಸಿಕೊಂಡು ಬಂದಿದ್ದಳು. ಸುರೇಖಾ ರಾಯಬಾಗ ನೋಡಿದವಳೇ ಅಲ್ಲ. ಒಲೆಯ ಪಕ್ಕದ ಗೋಡೆಗೆ ಒರಗಿ, ತೊಡೆಯ ಮೇಲೆ ಮೊರ ಇಟ್ಟುಕೊಂಡು ಎರಡು ವರ್ಷ ಕೂತಿದ್ದಳು. ಹೊರಗಿನವರು ಬಂದರೆ ಬಚ್ಚಲಿಗೆ ಹೋಗಿ ನಿಲ್ಲುತ್ತಿದ್ದಳು.

ಮರುದಿನ ನಾನು ನನ್ನ ಲೆಕ್ಕ ಓದಿದೆ. 'ನಮ್ಮ ಮನೆಯ ಬೀಡಿಯಲ್ಲಿ ಅವ್ವ ಮೂರನೇ ಒಂದು ಭಾಗ ಸುತ್ತುತ್ತಾಳೆ. ಆಯಿ ನಾಲ್ಕನೇ ಒಂದು ಭಾಗ. ನಾನು ಆರನೇ ಒಂದು ಭಾಗ. ಮೂವರೂ ಸೇರಿ ಎಷ್ಟು ಭಾಗ?' ಹಲಗೆಯ ಮೇಲೆ ಹನ್ನೆರಡರ ಚಾಪೆ ಹಾಸಿದೆ. ನಾಲ್ಕು, ಮೂರು, ಎರಡು, ಒಟ್ಟು ಒಂಬತ್ತು. ಹನ್ನೆರಡರಲ್ಲಿ ಒಂಬತ್ತು ಅಂದರೆ ಮುಕ್ಕಾಲು. ಅಕ್ಕೋರು ಮೊದಲ ಸಲ ನನಗೆ "ಶಾಣ್ಯಾ" ಎಂದರು. ನನ್ನ ಕಾಲು ನೆಲಕ್ಕೆ ತಾಗಲಿಲ್ಲ.

ಆಮೇಲೆ ಅವರು ಹಲಗೆಯನ್ನೇ ನೋಡುತ್ತ ನಿಂತರು.

"ಉಳದ ಕಾಲುಪಾಲು ಯಾರ ಸುತ್ತತಾರ?"

ಖರೇ ಇರಬೇಕು ಎಂದಿದ್ದಕ್ಕೆ ಖರೇ ಬರೆದಿದ್ದೆ. ಅಕ್ಕನ ಹೆಸರು ಹೇಳಬಾರದು ಎಂಬುದು ಗೊತ್ತಿತ್ತು, ಅದಕ್ಕೇ ಬಿಟ್ಟಿದ್ದೆ. ಬಿಟ್ಟರೆ ಅಲ್ಲಿ ತೂತು ಬೀಳುತ್ತದೆ ಎಂದು ಹೊಳೆದಿರಲಿಲ್ಲ.

"ಯಾರೂ ಇಲ್ರಿ."

"ಬೀಡಿ ತಾವ ಸುತಗೊಳ್ಳಂಗಿಲ್ಲಬೇ" ಎಂದರು ಅಕ್ಕೋರು. ಮತ್ತೆ ಕೇಳಲಿಲ್ಲ. ನನ್ನನ್ನು ಕೂಡಿಸಿ ಮುಂದಿನವಳನ್ನು ಎಬ್ಬಿಸಿದರು.

ಅದೇ ಸಂಜೆ ಬಿಸಿಲು ಇನ್ನೂ ಇರುವಾಗ ನಮ್ಮ ಬಾಗಿಲಲ್ಲಿ ಬಂದು ನಿಂತರು. ಸುರೇಖಾ ಎದ್ದು ಬಚ್ಚಲಿಗೆ ಓಡಿದಳು. ಆಕೆಯ ಮೊರ ನೆಲದ ಮೇಲೇ ಉಳಿಯಿತು. ಅಕ್ಕೋರು ಆ ಮೊರದ ಮುಂದೆ ಕೂತು, ಒಂದು ಎಲೆ ಎತ್ತಿಕೊಂಡು, ತಂಬಾಕು ಹಾಕಿ, ಅವ್ವನ ಮುಖ ನೋಡುತ್ತಲೇ ಸುತ್ತಿ, ದಾರ ಬಿಗಿದು ಕೆಳಗಿಟ್ಟರು. ಆಯಿ ಆ ಬೀಡಿಯನ್ನು ಎತ್ತಿ ತಿರುಗಿಸಿ ನೋಡಿದಳು.

"ಸುರೇಖಾ ಎಲ್ಲದಾಳ?"

"ರಾಯಬಾಗದಾಗ್ರಿ."

"ಬಚ್ಚಲದಾಗ ಯಾರದಾರ?"

ಸ್ವಲ್ಪ ಹೊತ್ತಿನ ಮೇಲೆ ಸುರೇಖಾ ತಾನೇ ಹೊರಗೆ ಬಂದು, ತಲೆ ತಗ್ಗಿಸಿ ನಿಂತಳು. ಅಕ್ಕೋರು ಆಕೆಯನ್ನು ಅಡಿಯಿಂದ ಮುಡಿಯವರೆಗೆ ನೋಡಿದರು, ಬೈಯಲಿಲ್ಲ. ಅವ್ವನ ಕಡೆ ತಿರುಗಿ, "ನಾಳಿಂದ ಕಳಸ್ರಿ" ಎಂದರು.

ಅವ್ವನಿಗೆ ಸಿಟ್ಟು ನೆತ್ತಿಗೇರಿತು. "ಹೇಳಾಕೇನ್ರಿ ಅಕ್ಕೋರ, ನಿಮಗ ಪಗಾರ ಬರತೈತಿ. ಆಕಿ ಸಾಲ್ಯಾಗ ಕುಂತ್ರ ಆಕೀ ಮುನ್ನೂರ ಬೀಡಿ ಯಾರ ಸುತ್ತತಾರ? ನೀವು ಸುತ್ತತೀರೇನು?"

"ಸುತ್ತತೀನಿ" ಎಂದರು ಅಕ್ಕೋರು.

ಅವ್ವ ನಕ್ಕಳು. ಅಕ್ಕೋರು ನಗಲಿಲ್ಲ. ಮುನ್ನೂರು ಬೀಡಿಗಾಗುವ ಎಲೆ, ತಂಬಾಕು ಚೀಲಕ್ಕೆ ಹಾಕಿಸಿಕೊಂಡು ಎದ್ದು ಹೋದರು.

ಮರುದಿನ ಅವರು ಬರೆಯುವ ಪಟ್ಟಿ, ಪುಸ್ತಕಗಳ ಕೆಳಗೆ ಬಟ್ಟೆಯಲ್ಲಿ ಸುತ್ತಿದ ಬೀಡಿ ಕಟ್ಟುಗಳನ್ನು ತಂದರು. ಸುರೇಖಾ ನನ್ನ ವರ್ಗದಲ್ಲೇ ಹಿಂದಿನ ಸಾಲಿನಲ್ಲಿ ಕೂತಳು, ಎಲ್ಲರಿಗಿಂತ ಉದ್ದ. ಮಧ್ಯಾಹ್ನದ ಬಿಡುವಿನಲ್ಲಿ ಆಕೆ ಕಟ್ಟುಗಳನ್ನು ಮನೆಗೆ ಒಯ್ಯುವುದು, ಸಂಜೆ ಅಕ್ಕೋರ ಚೀಲಕ್ಕೆ ಮತ್ತೆ ಎಲೆ ಹಾಕುವುದು. ಹೀಗೆ ದಿನವೂ ನಡೆಯಿತು. ಆಯಿ ಆ ಬೀಡಿಗಳನ್ನು ಹಿಸುಕಿ ನೋಡಿ, "ಎಂಥಾ ಬಿಗಿ ಕೈಯವ್ವಾ, ಒಂದೂ ತಗದ ಹಾಕೂವಂಗಿಲ್ಲ" ಎನ್ನುತ್ತಿದ್ದಳು. ಸುರೇಖಾಳ ಮುಖದ ಮೇಲೆ ಆ ಎರಡು ತಿಂಗಳು ಇದ್ದ ಕಳೆಯನ್ನು ನಾನು ಅದಕ್ಕಿಂತ ಮೊದಲೂ ನೋಡಿರಲಿಲ್ಲ, ಆಮೇಲೂ ನೋಡಲಿಲ್ಲ. ಮೊದಲ ಪರೀಕ್ಷೆಯಲ್ಲಿ ಗಣಿತಕ್ಕೆ ಆಕೆಗೆ ಇಪ್ಪತ್ತೈದಕ್ಕೆ ಇಪ್ಪತ್ತೈದು ಬಂತು. ನನಗೆ ಹತ್ತೊಂಬತ್ತು. ಅಕ್ಕೋರು ಆಕೆಯ ಹಾಳೆಯನ್ನು ಎಲ್ಲರಿಗೂ ತೋರಿಸಿ, "ಇದು ಬಚ್ಚಲದಾಗ ನಿಂದ್ರೂ ಹುಡಿಗೇನಬೇ" ಎಂದು ಆಕೆಯ ತಲೆಗೆ ಮೊಟಕಿದರು. ಸುರೇಖಾ ಅಳುತ್ತ ನಕ್ಕಳು.

ಅಕ್ಕೋರ ಕೆಮ್ಮು ಹೆಚ್ಚಾದದ್ದು ಆಗಲೇ. ಅವರಿಗೆ ಹತ್ತೊಂಬತ್ತನೇ ವಯಸ್ಸಿನಲ್ಲೇ ಎದೆ ಕೆಟ್ಟಿತ್ತಂತೆ, ತಂಬಾಕಿನ ಹತ್ತಿರ ಕೂಡಬೇಡ ಎಂದು ಡಾಕ್ಟರು ಹೇಳಿದ್ದರಂತೆ. ಯಾರಿಂದಲೋ ಕೇಳಿಕೊಂಡು ಬಂದ ಆಯಿ ಇದನ್ನು ಅವ್ವನಿಗೆ ಹೇಳಿದಳು. ಅವ್ವ, "ನಾ ಕರದಿದ್ನೇನು" ಎಂದಳು.

ಅವ್ವನನ್ನು ರಾಕ್ಷಸಿ ಮಾಡಿ ಬರೆಯಲಾರೆ. ಮಳೆಗಾಲದಲ್ಲಿ ನಮ್ಮ ಮನೆ ಸೋರುತ್ತಿತ್ತು, ಎಲೆ ನೆನೆದು ಹಾಳಾಗುತ್ತಿತ್ತು, ಆಕೆಗೆ ಮಾಡಿಗೆ ಹೊಸ ತಗಡು ಹಾಕಿಸಬೇಕಿತ್ತು. ಅಪ್ಪ ತೀರಿಕೊಂಡಾಗಿನಿಂದ ಎರಡು ಕೈಯಲ್ಲೇ ಸಂಸಾರ ಎಳೆದವಳಿಗೆ ಒಮ್ಮೆಲೇ ಐದು ಜೋಡಿ ಕೈ ಕಂಡವು. ದಸರೆ ಮುಗಿದ ವಾರ ಆಕೆ ಗುತ್ತಿಗೆದಾರನಿಂದ ಸಾವಿರದ ಆರುನೂರು ಬೀಡಿಯ ಎಲೆ ತಂದಳು.

ಅವ್ವನ ನಾಲ್ಕು ನೂರು ಹಾಗೇ ಉಳಿಯಿತು, ವಖಾರದ ಕೆಲಸ ಮುಗಿಸಿ ಬಂದವಳಿಗೆ ಅದಕ್ಕಿಂತ ಹೆಚ್ಚು ಆಗುತ್ತಿರಲಿಲ್ಲ. ಆಯಿಯ ಮುನ್ನೂರು, ನನ್ನ ಇನ್ನೂರು, ಅಕ್ಕೋರ ಮುನ್ನೂರು. ಉಳಿದ ನಾಲ್ಕು ನೂರು ಸುರೇಖಾಳ ಮೊರಕ್ಕೆ ಬಿತ್ತು. ಶಾಲೆಗೆ ಹೋಗದಿದ್ದಾಗ ಮುನ್ನೂರು ಸುತ್ತುತ್ತಿದ್ದವಳು ಶಾಲೆಗೆ ಹೋಗುತ್ತ ನಾಲ್ಕು ನೂರು ಸುತ್ತಬೇಕಾಯಿತು. ಕೋಳಿ ಕೂಗುವ ಮೊದಲೇ ಏಳುತ್ತಿದ್ದಳು. "ಬೆರಳ ಕೊಟ್ರ ಹಸ್ತಾ ನುಂಗಾಕತ್ತೀಯಲ್ಲಬೇ" ಎಂದು ಆಯಿ ಅವ್ವನಿಗೆ ಬೈದಳು. ಬೈದದ್ದು ಅಷ್ಟೇ.

ನಾನು ಈ ಲೆಕ್ಕವನ್ನು ಪಟ್ಟಿಯ ಹಿಂದಿನ ಹಾಳೆಯಲ್ಲಿ ಮಾಡಿ ನೋಡಿದ್ದೆ. ಹದಿನಾರರ ಚಾಪೆ. ಅವ್ವನಿಗೆ ನಾಲ್ಕು, ಆಯಿಗೆ ಮೂರು, ನನಗೆ ಎರಡು, ಅಕ್ಕೋರಿಗೆ ಮೂರು, ಒಟ್ಟು ಹನ್ನೆರಡು. ಮತ್ತೆ ಮುಕ್ಕಾಲು. ಮತ್ತೆ ಕಾಲುಪಾಲು ಸುರೇಖಾಳದು, ಆದರೆ ಮೊದಲಿಗಿಂತ ದೊಡ್ಡ ಕಾಲುಪಾಲು. ಯಾತರಾಗಿಂದು ಎಂದು ಊರಿಗೆಲ್ಲ ಕೇಳುತ್ತಿದ್ದ ಅಕ್ಕೋರು ನಮ್ಮ ಮನೆಯಲ್ಲಿ ಅದನ್ನು ಕೇಳಲಿಲ್ಲ. ತಮ್ಮ ಮುನ್ನೂರು ಮುಗಿಸಿದರೆ ಸುರೇಖಾಳ ಕೈ ಖಾಲಿ ಎಂದು ನಂಬಿದ್ದರು. ನಾನು ಆ ಹಾಳೆ ಹರಿದು ಒಲೆಗೆ ಹಾಕಿದೆ. ಅವ್ವ ಮೊದಲೇ ಹೇಳಿಬಿಟ್ಟಿದ್ದಳು: "ಸಾಲ್ಯಾಗ ಹೋಗಿ ಬಾಯಿ ಬಿಟ್ಟಿ ಅಂದ್ರ ನಿನ್ನೂ ಬಿಡಸತೀನಿ."

ಸುರೇಖಾ ವರ್ಗದಲ್ಲಿ ತೂಕಡಿಸತೊಡಗಿದಳು. ಮೊದಮೊದಲು ಅಕ್ಕೋರು ಸೀಮೆಸುಣ್ಣದ ಚೂರು ಎಸೆದು ಎಬ್ಬಿಸುತ್ತಿದ್ದರು. ಆಮೇಲೆ ಬರೆದದ್ದು ತಪ್ಪತೊಡಗಿತು. ಒಂದು ಶನಿವಾರ, ಬೆಳಗಿನ ಶಾಲೆ, ಪ್ರಾರ್ಥನೆಗೆ ಮೊದಲು ಅಕ್ಕೋರು ನನ್ನನ್ನು ಬಾಗಿಲ ಹೊರಗೆ ಕರೆದರು.

"ಖರೇ ಹೇಳಬೇ. ನಿಮ್ಮಕ್ಕ ಯಾಕ ನಿದ್ದಿ ಮಾಡ್ತಾಳ? ಮನ್ಯಾಗ ಮತ್ತ ಬೀಡಿಗಿ ಕುಂದರಸ್ಯಾರೇನು?"

ಹೌದು ಎಂಬ ಒಂದು ಮಾತು. ತುದಿ ನಾಲಿಗೆಯ ಮೇಲಿತ್ತು. ಅವ್ವನ ಮಾತೂ ಕಿವಿಯಲ್ಲಿತ್ತು. ಒಲೆಯ ಪಕ್ಕ ಅಕ್ಕನ ಜಾಗದಲ್ಲಿ ನಾನು ಮೊರ ಇಟ್ಟುಕೊಂಡು ಕೂತದ್ದು ಕಣ್ಣಿಗೆ ಕಟ್ಟಿತು.

"ಇಲ್ರಿ. ಬಾಜೂ ಮನ್ಯಾಗ ಟಿವಿ ನೋಡ್ಕೋತ ಕುಂದರತಾಳ್ರಿ" ಎಂದೆ.

ಬಾಜೂ ಮನೆಯಲ್ಲಿ ಟಿವಿ ಇದ್ದದ್ದು ಖರೆ. ಸುರೇಖಾ ಅದರ ಮುಂದೆ ಕೂತದ್ದನ್ನು ಯಾರೂ ನೋಡಿರಲಿಲ್ಲ.

ಮೊದಲ ತಾಸಿನಲ್ಲೇ ಆಕೆಯ ತಲೆ ಮೇಜಿಗೆ ತಾಗಿತು. ಅಕ್ಕೋರು ಹಿಂದಿನ ಸಾಲಿಗೆ ಹೋದದ್ದು, ಆಕೆಯ ಜಡೆ ಹಿಡಿದು ಎಬ್ಬಿಸಿದ್ದು, ಕಪಾಳಕ್ಕೆ ಹೊಡೆದದ್ದು ಎಲ್ಲ ಒಂದೇ ಕ್ಷಣದಲ್ಲಿ ಆಯಿತು. ಅವರು ಯಾರ ಕಪಾಳಕ್ಕೂ ಹೊಡೆದವರಲ್ಲ. "ಟಿವಿ ನೋಡಾಕ ಟೈಮ್ ಐತಿ ನಿನಗ? ನಾ ಎದಿ ಸುಟಗೊಂಡು ನಿನ್ನ ಪಾಲಿಂದು ಸುತ್ತಾಕತ್ತೀನಿ, ನೀ ಟಿವಿ ನೋಡಿ ಬಂದು ಇಲ್ಲಿ ಮಲಗ್ತೀ? ಯಾರ ಸಲುವಾಗಿ ಸುತ್ತಲಿ ನಾ?" ಅಷ್ಟರಲ್ಲಿ ಕೆಮ್ಮು ಬಂತು. ಬಾಗಿ ಮೇಜು ಹಿಡಿದುಕೊಂಡರು. ಬಹಳ ಹೊತ್ತು ಕೆಮ್ಮಿದರು. ಸುರೇಖಾ ಕೆನ್ನೆಯ ಮೇಲೆ ಕೈ ಸಹ ಇಟ್ಟುಕೊಳ್ಳಲಿಲ್ಲ. ನೋಡಿಲ್ರಿ ಎನ್ನಲಿಲ್ಲ, ನಾಲ್ಕು ನೂರು ಬೀಡಿ ಸುತ್ತಿ ಬಂದೀನ್ರಿ ಎನ್ನಲಿಲ್ಲ. ನಾನು ಮೂರನೇ ಸಾಲಿನಲ್ಲಿ ಕೂತು ನನ್ನ ಪಟ್ಟಿಯನ್ನು ನೋಡುತ್ತಿದ್ದೆ.

ಸೋಮವಾರ ಆಕೆ ಶಾಲೆಗೆ ಬರಲಿಲ್ಲ. ಸಂಜೆ ಅಕ್ಕೋರು ಮನೆಗೆ ಬಂದರು. ಶನಿವಾರ ಒಯ್ದಿದ್ದ ಮುನ್ನೂರು ಬೀಡಿಯ ಕಟ್ಟುಗಳು ಚೀಲದಲ್ಲಿದ್ದವು. ಎಲೆ ಎಷ್ಟಿದೆ ಎಂದು ಕಾಣದ ಹಾಗೆ ಅವ್ವ ಅದರ ಮೇಲೆ ಹರಕು ಸೀರೆ ಹೊದಿಸಿದಳು. ಅಕ್ಕೋರು ಹೊಸ್ತಿಲ ಒಳಗೆ ಬರಲಿಲ್ಲ.

"ನಂದ ತಪ್ಪಾತು. ಹೊಡಿಬಾರದಿತ್ತು. ಬಾರಬೇ" ಎಂದರು.

"ನನಗ ಸಾಲಿ ಬ್ಯಾಡ್ರಿ. ತಲಿಗಿ ಹತ್ತವಲ್ದು" ಎಂದಳು ಸುರೇಖಾ. ಇಪ್ಪತ್ತೈದಕ್ಕೆ ಇಪ್ಪತ್ತೈದು ತೆಗೆದವಳು.

ಅಕ್ಕೋರು ನನ್ನ ಕಡೆ ನೋಡಿದರು. ಏನಾದರೂ ಹೇಳುತ್ತಾಳೇನೋ ಎಂದು ನೋಡಿದರು ಎಂದು ಈಗ ಅನ್ನಿಸುತ್ತದೆ. ನಾನು ದಾರದ ಉಂಡೆಯ ಗಂಟು ಬಿಡಿಸುವುದರಲ್ಲಿದ್ದೆ. ಅವರು ಕಟ್ಟುಗಳನ್ನು ಹೊಸ್ತಿಲ ಮೇಲೆ ಇಟ್ಟು ಹೋದರು. ಸಾವಿರದ ಆರುನೂರರ ಎಲೆ ಆಮೇಲೆಯೂ ಬರುತ್ತಿತ್ತು. ಸುರೇಖಾ ಏಳುನೂರು ಸುತ್ತಿದಳು.

ಅಂದಿನಿಂದ ಅಕ್ಕೋರು ಮನೆಯ ಲೆಕ್ಕ ಬರೆದುಕೊಂಡು ಬನ್ನಿ ಎಂದು ಯಾರಿಗೂ ಹೇಳಲಿಲ್ಲ. ಪುಸ್ತಕ ತೆರೆದು 'ಒಬ್ಬ ರೈತನು' ಎಂದು ಓದುತ್ತಿದ್ದರು, ನಾವು ಬರೆದುಕೊಳ್ಳುತ್ತಿದ್ದೆವು. ಚಾಪೆ ಹಾಸುವುದನ್ನೂ ಬಿಟ್ಟರು. ಲ.ಸಾ.ಅ. ಎನ್ನುತ್ತಿದ್ದರು. ನಾನು ಏಳನೇ ವರ್ಗ ಮುಗಿಸಿದೆ, ಹತ್ತನೇ ವರ್ಗ ಮುಗಿಸಿದೆ, ಕಂಡಕ್ಟರ್ ಆದೆ. ಸುರೇಖಾಳಿಗೆ ನಿಪ್ಪಾಣಿಯಲ್ಲೇ ಎರಡು ಓಣಿ ಆಚೆ ಮದುವೆಯಾಯಿತು. ಅಲ್ಲಿಯೂ ಬೀಡಿಯೇ.

ನಿವೃತ್ತಿಯಾದ ಮೇಲೆ ಅಕ್ಕೋರು ಚಿಕ್ಕೋಡಿಯಲ್ಲಿ ತಮ್ಮನ ಮನೆಯಲ್ಲಿದ್ದರು. ಎದೆಯ ಡಾಕ್ಟರನ್ನು ಕಾಣಲು ತಿಂಗಳಿಗೊಮ್ಮೆ ನನ್ನ ಗಾಡಿಗೇ ಹತ್ತುತ್ತಿದ್ದರು. ಒಂದು ಮೆಟ್ಟಿಲು ಹತ್ತಿ ನಿಂತು ಉಸಿರು ಎಳೆದುಕೊಂಡು, ಮತ್ತೊಂದು ಮೆಟ್ಟಿಲು. ಡ್ರೈವರು ಗೊಣಗಿದರೆ ನಾನು ಕಣ್ಣು ಬಿಡುತ್ತಿದ್ದೆ. ಕಂಡಕ್ಟರ್ ಸೀಟಿನಲ್ಲಿ ಅವರನ್ನು ಕೂಡಿಸಿ ನಾನು ನಿಂತುಕೊಳ್ಳುತ್ತಿದ್ದೆ. ಅಷ್ಟು ಸೇವೆ ಮಾಡಿದೆ ನಾನು, ಏನು ಕಡಿಮೆಯೇ.

ಹೋದ ಚಳಿಗಾಲದಲ್ಲಿ ಒಂದು ದಿನ ಗಾಡಿ ಅರ್ಧ ಖಾಲಿ ಇತ್ತು. ಅಕ್ಕೋರು ಟಿಕೆಟನ್ನು ಬೆರಳ ತುದಿಯಲ್ಲಿ ಸುತ್ತುತ್ತ ಕಿಟಕಿಯ ಹೊರಗೆ ನೋಡುತ್ತಿದ್ದರು.

"ನಿಮ್ಮಕ್ಕ ಹ್ಯಾಂಗದಾಳ?"

"ಅದಾಳ್ರಿ. ಛಲೋ ಅದಾಳ."

"ಅಷ್ಟ ಶಾಣ್ಯಾ ಹುಡುಗಿ. ಒಂದ ಏಟಿಗಿ ಬಿಡೂವಂಥಾಕಿ ಅಲ್ಲ. ನಾ ಭಾಳ ವಿಚಾರ ಮಾಡೀನಿ. ನಾ ಕಲಸೂದ್ರಾಗ ಎಲ್ಲೋ ಏನೋ ಕಡಿಮಿ ಬಿತ್ತು ನೋಡು. ನಿನಗೇನರ ಗೊತ್ತೈತೇನು?"

ನಾನು ಮೂವತ್ತೈದು ವರ್ಷದ ಹೆಂಗಸು. ಯಾರೂ ನನ್ನನ್ನು ಶಾಲೆ ಬಿಡಿಸುವ ಹಾಗಿರಲಿಲ್ಲ. ಅವ್ವ ಹೋಗಿಯೂ ಆರು ವರ್ಷವಾಗಿತ್ತು. ಆದರೂ "ಗೊತ್ತಿಲ್ರಿ" ಎಂದೆ. ಹಿಂದಿನ ಸೀಟಿನವರಿಗೆ ಟಿಕೆಟ್ ಕೊಡಲು ಹೋದೆ, ಅವರಿಗೆ ಆಗಲೇ ಕೊಟ್ಟಾಗಿತ್ತು.

ಅಕ್ಕೋರು ಸತ್ತ ಸುದ್ದಿ ಕೇಳಿದ ನಾಲ್ಕನೇ ದಿನ ನನಗೆ ವಾರದ ರಜೆ. ಸುರೇಖಾಳ ಮನೆಗೆ ಹೋದೆ. "ಇವತ್ತ ಡ್ಯೂಟಿ ಇಲ್ಲ, ಸಂಜಿ ಮಟ ಇರತೀನಿ" ಎಂದೆ. ಆಕೆಗೆ ಸಂತೋಷವಾಯಿತು. ಚಹಾ ಮಾಡಿಕೊಟ್ಟು, ಮತ್ತೆ ಮೊರದ ಮುಂದೆ ಕೂತಳು. ಅಕ್ಕೋರು ಹೋದರು ಎಂದೆ. ಆಕೆಯ ಕಣ್ಣು ತುಂಬಿತು, ಸೆರಗಿನಿಂದ ಒರೆಸಿಕೊಂಡಳು. "ದೇವರಂಥಾ ಹೆಣಮಗಳು. ನನ್ನ ಸಲುವಾಗಿ ಎದಿ ಹಾಳ ಮಾಡಕೊಂಡ್ರು" ಎಂದಳು. ಹೊಡೆದದ್ದರ ಮಾತೇ ಇಲ್ಲ.

ಅಷ್ಟು ವರ್ಷ ನುಂಗಿಕೊಂಡಿದ್ದೆ. ಆ ಮಾತು ಕೇಳಿ ತಡೆಯಲಾಗಲಿಲ್ಲ.

"ಅಕ್ಕಾ, ಟಿವಿ ನೋಡ್ತಾಳ ಅಂತ ಅಕ್ಕೋರಿಗಿ ಹೇಳಿದಾಕಿ ನಾನು."

ಸುರೇಖಾಳ ಕೈಯಲ್ಲಿದ್ದ ಎಲೆ ಅರ್ಧ ಸುತ್ತಿದ್ದು ಹಾಗೇ ನಿಂತಿತು.

"ನೀನಾ?"

"ಬೀಡಿಗಿ ಕುಂದರಸ್ಯಾರೇನಂತ ಕೇಳಿದ್ರು. ಹೌದಂದ್ರ ಅವ್ವ ನನ್ನೂ ಬಿಡಸತಾಳಂತ ಅಂಜಿಕಿ ಬಂತು."

ಆಕೆ ನನ್ನ ಮುಖ ನೋಡಿದಳು. ಆಮೇಲೆ ಕೇಳಿದಳು.

"ಅಕ್ಕೋರಿಗಿ ಹೇಳಿದ್ದೇನು ಇದನ್ನ?"

"ಇಲ್ಲ."

"ಅವ್ವಗ?"

"ಇಲ್ಲ."

"ಅವ್ವ ಹೇಳ್ಯಾಳಂತ ತಿಳಕೊಂಡಿದ್ದೆ" ಎಂದಳು ಸುರೇಖಾ. ದನಿ ಏರಲಿಲ್ಲ. "ಸಾಲಿ ಬಿಡಸಾಕ ಆಕೀನ ಹೂಡಿದ ಆಟ ಅಂತ ತಿಳಕೊಂಡಿದ್ದೆ. ಅವತ್ತಿಂದ ಆಕಿ ಸಾಯೂ ಮಟ ನಾ ಆಕೀ ಕೂಡ ಬಾಯಿ ತುಂಬ ಮಾತಾಡಿಲ್ಲ. ದವಾಖಾನ್ಯಾಗ ನೀರ ಕೇಳಿದ್ಲು. ನನ್ನ ಕೈ ಹಿಡದು ಕೇಳಿದ್ಲು. ನಾ ಕೈ ಬಿಡಿಸಕೊಂಡು ನರ್ಸಿನ ಕೈಲೆ ಕುಡಸಿದೆ."

ನಾನು ಚಹಾದ ಕಪ್ಪು ಕೆಳಗಿಟ್ಟೆ.

"ಇಬ್ಬರೂ ಹ್ವಾದ ಮ್ಯಾಲ ನನಗ ಹೇಳಾಕ ಬಂದಿ" ಎಂದಳು.

ಬೈಯಲಿ, ಕೂದಲು ಹಿಡಿದು ಹೊಡೆಯಲಿ ಎಂದು ಕಾದೆ. ಆಕೆ ಮೊರವನ್ನು ತೊಡೆಯ ಮೇಲೆ ಎಳೆದುಕೊಂಡಳು. ಕೈಯಲ್ಲಿದ್ದ ಅರ್ಧ ಬೀಡಿಯನ್ನು ಸುತ್ತಿ ಮುಗಿಸಿ, ದಾರ ಬಿಗಿದು, ಕಟ್ಟಿಗೆ ಸೇರಿಸಿದಳು. ಇನ್ನೊಂದು ಎಲೆ ಎತ್ತಿಕೊಂಡಳು. ನನ್ನ ಮುಖ ನೋಡಲಿಲ್ಲ.

"ಹೋಗು, ನಿನಗ ಡ್ಯೂಟಿಗಿ ತಡಾ ಆಗತೈತಿ" ಎಂದಳು.